ತರುಣರೂ ಕೈಕಸುಬುಗಳೂ

ಕೈಯಿಂದ ಮಾಡಿದ ಪದಾರ್ಥಗಳಲ್ಲಿ ನಮ್ಮ ತರುಣ ಜನಾಂಗಕ್ಕೆ ಈಚಿನ ಕೆಲವು ವರ್ಷಗಳಿಂದ ಪುನಃ ಅಭಿರುಚಿ ಹುಟ್ಟಿರುವುದು ನಾಡಿನ ಹಿತವನ್ನು ಬಯಸುವವರೆಲ್ಲರಿಗೂ ಸಂತೋಷವನ್ನುಂಟುಮಾಡತಕ್ಕ ಸಂಗತಿಯಾಗಿದೆ. ಚನ್ನಪಟ್ಟಣದ ಅರಗಿನ ಬೊಂಬೆ, ಇಳಕಲ್ಲಿನ ಸೀರೆ, ಧಾರವಾಡ ಸೀಮೆಯ ಕಸೂತಿ, ಸಂಡೂರಿನ ಲಂಬಾಣಿ ಹೆಣ್ಣುಮಕ್ಕಳ ಹೊಲಿಗೆ, ಬೀದರಿನ ಬಿದರಿ ಪಾತ್ರೆ ಮೊದಲಾದವುಗಳನ್ನು ಮುದುಕರ ಕಾಲದ ಸಾಮಾನುಗಳೆಂದು ಅಟ್ಟಕ್ಕೆ ಹಾಕಿದ್ದ ಮನೆಗಳಲ್ಲಿಯೇ ಇಂದು ಮಕ್ಕಳು ಅವನ್ನು ಹುಡುಕಿ ತರುತ್ತಿದ್ದಾರೆ. ಕೆಲವರು ಕೊಂಡು ತೃಪ್ತರಾಗದೆ ತಾವೇ ಕಲಿಯಬೇಕೆಂದು ಮಗ್ಗದ ಮುಂದೆಯೂ ಕುಂಬಾರನ ತಿಗರಿಯ ಮುಂದೆಯೂ ಕುಳಿತಿದ್ದಾರೆ. ಬೆಂಗಳೂರಿನಲ್ಲಿ ಕೈಕಸುಬಿನ ಸಂತೆ ನೆರೆದರೆ ಅಲ್ಲಿ ಕಾಣುವ ಮುಖಗಳಲ್ಲಿ ಹೆಚ್ಚಿನವು ಇಪ್ಪತ್ತು ಮೂವತ್ತರ ವಯಸ್ಸಿನವು. ತಂದೆಯ ತಲೆಮಾರು ನಾಚಿಕೊಂಡು ಬಿಟ್ಟದ್ದನ್ನು ಮಕ್ಕಳ ತಲೆಮಾರು ಹೆಮ್ಮೆಯಿಂದ ಎತ್ತಿಕೊಳ್ಳುತ್ತಿದೆ.

ಈ ಅಭಿರುಚಿಯನ್ನು ನಾವು ಮನಃಪೂರ್ವಕವಾಗಿ ಸ್ವಾಗತಿಸುತ್ತೇವೆ. ಆದರೆ ಸ್ವಾಗತದೊಡನೆ ಒಂದು ಪ್ರಶ್ನೆಯನ್ನೂ ಕೇಳಬೇಕಾಗಿದೆ. ಕೊಳ್ಳುವವನ ಪ್ರೀತಿ ಮಾಡುವವನ ಮನೆಯನ್ನು ಮುಟ್ಟುತ್ತಿದೆಯೇ? ವಸ್ತುವಿಗೆ ಮರ್ಯಾದೆ ಬಂದಂತೆ ಅದನ್ನು ಮಾಡಿದ ಕೈಗೂ ಕೂಲಿ ಬಂದಿದೆಯೇ? ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ತಾಲ್ಲೂಕುಗಳ ತೆಂಗಿನ ಸೀಮೆಯಲ್ಲಿ ನಿಂತು ನೋಡಿದರೆ ಈ ಪ್ರಶ್ನೆ ಇನ್ನಷ್ಟು ತೀಕ್ಷ್ಣವಾಗುತ್ತದೆ. ಕಚ್ಚಾ ಸಾಮಗ್ರಿ ಇಲ್ಲಿ ಬೆಟ್ಟದಂತೆ ಬಿದ್ದಿದೆ. ಕೈಕೆಲಸವನ್ನು ಬಲ್ಲ ಹಿರಿಯರು ಇನ್ನೂ ಇದ್ದಾರೆ. ಕೆಲಸವನ್ನರಸಿ ರೈಲು ಹತ್ತುವ ತರುಣರೂ ಇದ್ದಾರೆ. ಈ ಮೂರೂ ಒಂದೆಡೆ ಸೇರುತ್ತಿಲ್ಲ. ಅವು ಸೇರದೆ ಹೋದರೆ ಇಂದಿನ ಅಭಿರುಚಿಯು ಹಬ್ಬದ ತೋರಣದಂತೆ ನಾಲ್ಕು ದಿನ ಹಸುರಾಗಿದ್ದು ಒಣಗಿಹೋಗುವುದರಲ್ಲಿ ಸಂದೇಹವಿಲ್ಲ.

ಕೈಕಸುಬಿನ ಅಭಿಮಾನ ನಮ್ಮ ದೇಶಕ್ಕೆ ಹೊಸದಲ್ಲ. 1905ರ ಆಗಸ್ಟ್ 7ರಂದು ಕಲ್ಕತ್ತೆಯ ಪುರಭವನದಲ್ಲಿ ಸೇರಿದ ಮಹಾಸಭೆಯು ಸ್ವದೇಶೀ ವ್ರತವನ್ನು ಸಾರಿತು. ಆ ದಿನದ ನೆನಪಿಗಾಗಿಯೇ 2015ರಿಂದ ಆಗಸ್ಟ್ 7ನ್ನು ರಾಷ್ಟ್ರೀಯ ಕೈಮಗ್ಗದ ದಿನವೆಂದು ಆಚರಿಸುತ್ತಿದ್ದೇವೆ. 1925ರಲ್ಲಿ ಅಖಿಲ ಭಾರತ ಚರಖಾ ಸಂಘವೂ 1934ರಲ್ಲಿ ಅಖಿಲ ಭಾರತ ಗ್ರಾಮೋದ್ಯೋಗ ಸಂಘವೂ ಗಾಂಧೀಜಿಯವರ ಪ್ರೇರಣೆಯಿಂದ ಸ್ಥಾಪಿತವಾದವು. 1927ರಲ್ಲಿ ಮಹಾತ್ಮರು ದೇಹಸ್ವಾಸ್ಥ್ಯಕ್ಕಾಗಿ ನಂದಿಬೆಟ್ಟದಲ್ಲಿಯೂ ಬೆಂಗಳೂರಿನಲ್ಲಿಯೂ ತಂಗಿದ್ದಾಗ ಬೆಂಗಳೂರಿನಲ್ಲಿ ಖಾದಿಯ ಪ್ರದರ್ಶನ ನಡೆದು ಮೈಸೂರು ಸೀಮೆಯಲ್ಲೆಲ್ಲ ರಾಟೆಯ ಮಾತು ಹರಡಿತು. ಸ್ವಾತಂತ್ರ್ಯಾನಂತರ 1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಲಿ ಏರ್ಪಟ್ಟಾಗ ಅದರ ಚುಕ್ಕಾಣಿ ಹಿಡಿದವರು ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರೆಂಬುದು ಕನ್ನಡಿಗರಿಗೆ ಹೆಮ್ಮೆಯ ವಿಷಯ. 1953ರಲ್ಲಿ ತೆಂಗಿನ ನಾರಿನ ಮಂಡಲಿಗೂ, 1956ರಲ್ಲಿ ಖಾದಿ ಗ್ರಾಮೋದ್ಯೋಗ ಆಯೋಗಕ್ಕೂ ಶಾಸನಗಳಾದವು. ಸಂಘಗಳಿಗೂ ಮಂಡಲಿಗಳಿಗೂ ನಮ್ಮಲ್ಲಿ ಕೊರತೆಯಾಗಲಿಲ್ಲ.

ಕೊರತೆಯಾದದ್ದು ಬೇರೊಂದು. ನಂಜನಗೂಡು ತಾಲ್ಲೂಕಿನ ಬದನವಾಳು ಒಂದು ಕಾಲದಲ್ಲಿ ಮೈಸೂರು ಸಂಸ್ಥಾನದ ಖಾದಿ ಕೆಲಸಕ್ಕೆ ಹೆಸರಾಗಿದ್ದ ಗ್ರಾಮ. ತಗಡೂರು ರಾಮಚಂದ್ರರಾಯರಂಥ ದೇಶಭಕ್ತರು ಆ ಸೀಮೆಯಲ್ಲಿ ಖಾದಿಗಾಗಿ ಬೆವರು ಸುರಿಸಿದರು. ಖಾದಿ ಧರಿಸುವುದು ದೇಶಭಕ್ತಿಯ ಲಕ್ಷಣವಾಗಿದ್ದವರೆಗೆ ಆ ಊರಿನ ರಾಟೆ ತಿರುಗಿತು. ದೇಶಭಕ್ತಿಯ ಉಡುಪು ಸಭೆ ಸಮಾರಂಭಗಳ ಉಡುಪಾಗಿ ಇಳಿದ ಮೇಲೆ ಆ ಕೇಂದ್ರದ ಕಟ್ಟಡಗಳು ಪಾಳುಬಿದ್ದವು. 2015ರ ಏಪ್ರಿಲಿನಲ್ಲಿ ರಂಗಕರ್ಮಿ ಪ್ರಸನ್ನ ಅವರ ಮುಂದಾಳುತನದಲ್ಲಿ ಅದೇ ಬದನವಾಳಿನಲ್ಲಿ ಸುಸ್ಥಿರ ಬದುಕಿಗಾಗಿ ಸತ್ಯಾಗ್ರಹ ನಡೆದು, ಪಾಳುಬಿದ್ದ ಆ ಗೋಡೆಗಳ ನಡುವೆ ನೂರಾರು ತರುಣರು ಕೂಡಿದರು. ಬದನವಾಳು ನಮಗೆ ಕಲಿಸುವ ಪಾಠವಿಷ್ಟೆ: ಭಾವನೆಯು ಕಸುಬನ್ನು ಎಬ್ಬಿಸಿ ಕೂರಿಸಬಲ್ಲದು, ನಡೆಸಿಕೊಂಡು ಹೋಗಲಾರದು. ನಡೆಸಿಕೊಂಡು ಹೋಗುವುದು ದಿನಗೂಲಿ.

ಇದಕ್ಕೆ ಹತ್ತಿರದ ಇನ್ನೊಂದು ನಿದರ್ಶನವನ್ನೂ ಹೇಳಬೇಕು. ರಾಷ್ಟ್ರಧ್ವಜವನ್ನು ಪ್ರಮಾಣಬದ್ಧವಾಗಿ ಖಾದಿಯಲ್ಲಿ ತಯಾರಿಸುವ ಹುಬ್ಬಳ್ಳಿಯ ಬೆಂಗೇರಿಯ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘವು 1957ರಲ್ಲಿ ಹುಟ್ಟಿದ್ದು. 2021ರ ಡಿಸೆಂಬರಿನಲ್ಲಿ ಕೇಂದ್ರ ಸರ್ಕಾರದವರು ಧ್ವಜಸಂಹಿತೆಯನ್ನು ತಿದ್ದಿ, ಯಂತ್ರದಲ್ಲಿ ತಯಾರಾದ ಪಾಲಿಯೆಸ್ಟರ್ ಬಾವುಟಕ್ಕೂ ಅನುಮತಿ ಕೊಟ್ಟರು. ಮರುವರ್ಷ ಸ್ವಾತಂತ್ರ್ಯದ ಎಪ್ಪತ್ತೈದನೆಯ ಉತ್ಸವದಲ್ಲಿ ಮನೆಮನೆಯ ಮೇಲೂ ಬಾವುಟ ಹಾರಿತು. ಅಂಥ ಉತ್ಸಾಹವನ್ನು ಈ ದೇಶವು ಬಹುಕಾಲದಿಂದ ಕಂಡಿರಲಿಲ್ಲ. ಆದರೆ ಬಾವುಟದ ನೂಲು ತೆಗೆಯುವ ಹೆಂಗಸರ ಪಾಲಿಗೆ ಆ ಉತ್ಸಾಹ ಬರಬೇಕಾದಷ್ಟು ಬರಲಿಲ್ಲವೆಂದು ಬೆಂಗೇರಿಯವರು ಬೀದಿಗಿಳಿದು ಪ್ರತಿಭಟಿಸಬೇಕಾಯಿತು. ಜನಪ್ರಿಯತೆ ಬೇರೆ, ಜೀವನೋಪಾಯ ಬೇರೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷ್ಯ ಬೇಕಿಲ್ಲ.

ಇವೆರಡನ್ನೂ ಕೂಡಿಸಿದವರೂ ನಮ್ಮ ನಾಡಿನಲ್ಲಿದ್ದಾರೆ. ಸಾಗರ ತಾಲ್ಲೂಕಿನ ಹೆಗ್ಗೋಡಿನ ಬಳಿ 1996ರಲ್ಲಿ ಆರಂಭವಾದ ‘ಚರಕ’ ಎಂಬ ಮಹಿಳೆಯರ ಸಹಕಾರ ಸಂಘವು ಕೈಮಗ್ಗದ ಬಟ್ಟೆಗೆ ಗಿಡಮರಗಳ ಬಣ್ಣ ಕಟ್ಟಿ, ‘ದೇಸಿ’ ಎಂಬ ಹೆಸರಿನ ಅಂಗಡಿಗಳ ಮೂಲಕ ಪಟ್ಟಣಿಗರಿಗೆ ಮಾರಿತು. ಕಾಲೇಜಿನ ಹುಡುಗ ಹುಡುಗಿಯರು ಮೈಮೇಲೆ ಹಾಕಿಕೊಳ್ಳುವ ಅಂಗಿ ಯಾವ ಊರಿನ ಹೆಂಗಸರ ಕೈಯಲ್ಲಿ ಆಯಿತೆಂಬುದು ಅವರಿಗೆ ತಿಳಿದಿರುವಂತೆ ಮಾಡಿದ್ದೇ ಅದರ ದೊಡ್ಡ ಸಾಧನೆ. ಆದರೂ 2020ರ ಮಹಾಮಾರಿಯ ಕಾಲದಲ್ಲಿ ಈ ಸಂಸ್ಥೆಯೂ ತೀವ್ರವಾದ ಹಣದ ಮುಗ್ಗಟ್ಟಿಗೆ ಸಿಕ್ಕಿಕೊಂಡಿತು. 2017ರಲ್ಲಿ ಹೊಸ ಸರಕು ಸೇವಾ ತೆರಿಗೆ ಜಾರಿಗೆ ಬಂದಾಗ, ಕೈಯಿಂದ ಮಾಡಿದ ಪದಾರ್ಥಗಳ ಮೇಲೆ ತೆರಿಗೆಯೇ ಕೂಡದೆಂದು ಪ್ರಸನ್ನ ಅವರು ಬೆಂಗಳೂರಿನಲ್ಲಿ ಉಪವಾಸ ಕುಳಿತದ್ದನ್ನೂ ವಾಚಕರು ಮರೆತಿರಲಾರರು. ಚೆನ್ನಾಗಿ ನಡೆಯುವ ಸಂಸ್ಥೆಗೂ ಆಸರೆ ಬೇಕು. ಆಸರೆಯೆಂದರೆ ಅನುದಾನ ಮಾತ್ರವಲ್ಲ, ನ್ಯಾಯವಾದ ನಿಯಮ ಮತ್ತು ನಿಶ್ಚಿತವಾದ ಗಿರಾಕಿ.

ಇನ್ನು ನಮ್ಮ ಸೀಮೆಯ ವಿಷಯ. ತಿಪಟೂರಿನ ಕೊಬ್ಬರಿಯ ಕೀರ್ತಿಯನ್ನು ನಾವು ಬಣ್ಣಿಸಬೇಕಾಗಿಲ್ಲ. ಇಲ್ಲಿಯದು ಎಣ್ಣೆಗಾಣಕ್ಕೆ ಹೋಗುವ ಹೋಳುಕೊಬ್ಬರಿಯಲ್ಲ, ಉತ್ತರ ಹಿಂದೂಸ್ಥಾನದವರು ಪೂಜೆಗೂ ಮಿಠಾಯಿಗೂ ಮದುವೆಯ ಉಡುಗೊರೆಗೂ ಬಳಸುವ ಉಂಡೆ ಕೊಬ್ಬರಿ. ಬಲಿತ ಕಾಯನ್ನು ಮಟ್ಟೆ ಸಹಿತ ಅಟ್ಟದ ಮೇಲೆ ಹಾಕಿ, ಎಂಟು ಹತ್ತು ತಿಂಗಳು, ಕೆಲವೆಡೆ ವರ್ಷದವರೆಗೂ ಕಾಯುತ್ತಾರೆ. ಒಳಗಿನ ನೀರು ಹಿಂಗಿ, ತಿರುಳು ಚಿಪ್ಪನ್ನು ಬಿಟ್ಟು, ಅಲುಗಿಸಿದರೆ ಗಡಗಡನೆ ಸದ್ದು ಬಂದಾಗ ಕಾಯಿ ಸುಲಿದು, ಚಿಪ್ಪನ್ನು ಹದವಾಗಿ ಒಡೆದು ಉಂಡೆಯನ್ನು ಮುರಿಯದಂತೆ ತೆಗೆಯುತ್ತಾರೆ. ಇದು ಸ್ವತಃ ಒಂದು ಕೈಕಸುಬೇ. ಒಂದೇಟು ಹೆಚ್ಚಾದರೆ ಕೊಬ್ಬರಿ ಹೋಳಾಗಿ ಬೆಲೆ ಇಳಿಯುತ್ತದೆ. ಆ ಕೆಲಸದಲ್ಲಿ ಪಳಗಿದ ಗಂಡಸರಿಗೂ ಹೆಂಗಸರಿಗೂ ಕಸುಬುದಾರರೆಂಬ ಗೌರವವನ್ನು ಇದುವರೆಗೆ ಯಾರೂ ಕೊಟ್ಟಿಲ್ಲ. ಅವರನ್ನು ಕೂಲಿಯಾಳುಗಳೆಂದೇ ಕರೆಯುತ್ತೇವೆ.

ತೆಂಗಿನ ಮರಕ್ಕೆ ಕಲ್ಪವೃಕ್ಷವೆಂಬ ಹೆಸರು ಬಂದದ್ದು ಕೊಬ್ಬರಿಯೊಂದರಿಂದಲ್ಲ. ಹಿಂದೆ ನಮ್ಮ ಹಳ್ಳಿಗಳಲ್ಲಿ ಮರದ ಯಾವ ಭಾಗವೂ ಕೈಕೆಲಸಕ್ಕೆ ಒದಗದೆ ಹೋಗುತ್ತಿರಲಿಲ್ಲ. ಮಟ್ಟೆಯನ್ನು ಕೆರೆಯ ನೀರಿನಲ್ಲಿ ನೆನೆಹಾಕಿ, ಬಡಿದು, ನಾರು ತೆಗೆದು, ಹುರಿ ಹೊಸೆದು ಬಾವಿಯ ಹಗ್ಗ, ಎತ್ತಿನ ಕಣ್ಣಿ, ಬೆಣ್ಣೆಯ ಗಡಿಗೆಗೆ ನೆಲುವು ಮಾಡುತ್ತಿದ್ದರು. ಗರಿಯನ್ನು ಹೆಣೆದು ಸೋಗೆಯ ಮಾಡು, ಮದುವೆಯ ಚಪ್ಪರ, ಬಚ್ಚಲಿಗೆ ಮರೆ ಕಟ್ಟುತ್ತಿದ್ದರು. ಕಡ್ಡಿಯಿಂದ ಪೊರಕೆ, ಕರಟದಿಂದ ಸೌಟು, ಎಣ್ಣೆ ಅಳೆಯುವ ಮಾನ. ಅಜ್ಜಿಯರು ಹಬ್ಬದ ಹಿಂದಿನ ದಿನ ಗರಿಯಲ್ಲಿ ಗಿಣಿ, ಹಾವು, ಗಿಲಕಿ ಹೆಣೆದು ಮೊಮ್ಮಕ್ಕಳ ಕೈಗೆ ಕೊಡುತ್ತಿದ್ದರು. ಇವಾವುವೂ ಕಲೆಯೆನ್ನಿಸಿಕೊಂಡಿರಲಿಲ್ಲ. ಅವು ಬಾಳಿನ ಸಾಮಾನುಗಳಾಗಿದ್ದವು. ಆದ್ದರಿಂದಲೇ ಚೆಲುವಾಗಿಯೂ ಗಟ್ಟಿಯಾಗಿಯೂ ಇದ್ದವು.

ಈಗಿನ ಸ್ಥಿತಿಯನ್ನು ನೋಡಿ. ಬಾವಿಗೆ ಪಂಪು ಬಂದಿತು, ಎತ್ತಿನ ಕೊರಳಿಗೆ ನೈಲಾನು ಬಂದಿತು, ಬಚ್ಚಲಿಗೆ ಪ್ಲಾಸ್ಟಿಕ್ ಹಾಳೆ ಬಂದಿತು. ಮಟ್ಟೆ ಒಲೆಗೆ ಹೋಗುತ್ತದೆ, ಇಲ್ಲವೆ ನಾರು ತೆಗೆಯುವ ಕಾರ್ಖಾನೆಗೆ. ಮಟ್ಟೆಯಲ್ಲಿ ನಾರು ಸುಮಾರು ಮೂರನೆಯ ಒಂದು ಪಾಲು. ಉಳಿದದ್ದು ನಾರಿನ ಹುಡಿ. ಆ ಹುಡಿಯನ್ನು ಒತ್ತಿ ಇಟ್ಟಿಗೆ ಮಾಡಿ ಪರದೇಶಗಳ ಹೂದೋಟಗಳಿಗೂ ಹಸಿರುಮನೆಗಳಿಗೂ ಕಳುಹಿಸುತ್ತಾರೆ. ಚಿಪ್ಪು ಇದ್ದಲಿನ ಗುಂಡಿಗೆ ಹೋಗುತ್ತದೆ. ಮೂರು ಪಾಲು ಚಿಪ್ಪು ಸುಟ್ಟರೆ ಒಂದು ಪಾಲಿನಷ್ಟು ಇದ್ದಲು ದೊರೆಯುತ್ತದೆ, ಅದರಿಂದ ನೀರನ್ನೂ ಚಿನ್ನವನ್ನೂ ಶುದ್ಧಿಮಾಡುವ ಇಂಗಾಲ ಬೇರೆಲ್ಲೋ ತಯಾರಾಗುತ್ತದೆ. ಹೊಗೆ ನಮ್ಮ ಹಳ್ಳಿಗೆ, ಲಾಭ ಇನ್ನೊಂದು ಊರಿಗೆ. ನಾರು ಇಲ್ಲಿಂದ ಕಂತೆಯಾಗಿ ಹೊರಟು ಕಾಲೊರಸುವ ಚಾಪೆಯಾಗಿ ನಮ್ಮ ಅಂಗಡಿಗೇ ಮರಳಿ ಬರುತ್ತದೆ. ಹತ್ತಿಯನ್ನು ಮ್ಯಾಂಚೆಸ್ಟರಿಗೆ ಕಳುಹಿಸಿ ಬಟ್ಟೆಯನ್ನು ಕೊಳ್ಳುತ್ತಿದ್ದ ದೇಶವೆಂದು ನಮ್ಮ ಹಿರಿಯರು ಮರುಗುತ್ತಿದ್ದರು. ತೆಂಗಿನ ವಿಷಯದಲ್ಲಿ ನಾವಿನ್ನೂ ಆ ವ್ಯಾಪಾರವನ್ನೇ ಮಾಡುತ್ತಿದ್ದೇವೆ. ಮ್ಯಾಂಚೆಸ್ಟರಿನ ಹೆಸರು ಮಾತ್ರ ಬದಲಾಗಿದೆ.

ಕೊಬ್ಬರಿಗೆ ಬೆಲೆ ಇದ್ದಾಗ ಈ ಸಾಮಾನುಗಳ ಕಡೆ ಏಕೆ ನೋಡಬೇಕೆಂದು ಕೆಲವರು ಕೇಳಬಹುದು. ಆ ಬೆಲೆಯ ಚಾಂಚಲ್ಯವನ್ನು ನಮ್ಮ ರೈತರು ಚೆನ್ನಾಗಿ ಬಲ್ಲರು. 2023ರಲ್ಲಿ ಉಂಡೆ ಕೊಬ್ಬರಿಯ ಬೆಂಬಲ ಬೆಲೆ ಕ್ವಿಂಟಲಿಗೆ 11,750 ರೂಪಾಯಿ ಇದ್ದರೂ ಪೇಟೆಯ ಧಾರಣೆ ಅದಕ್ಕಿಂತ ಬಹಳ ಕೆಳಗಿಳಿದು ಸಾಲಗಾರರ ಮುಖ ಬಾಡಿತು. 2024ರಲ್ಲಿ 12,000 ರೂಪಾಯಿಗೆ ಕೇಂದ್ರದವರು ಕೊಳ್ಳಬೇಕಾಯಿತು, ರಾಜ್ಯದವರು ಮೇಲೆ 1,500 ರೂಪಾಯಿ ಸೇರಿಸಬೇಕಾಯಿತು. 2025ರಲ್ಲಿ ಅದೇ ಕೊಬ್ಬರಿ 20,000 ರೂಪಾಯಿಯನ್ನೂ ದಾಟಿ ಹೋಯಿತು. ಬೆಲೆ ಏರಿದಾಗ ಅಟ್ಟ ಬರಿದಾಗಿರುತ್ತದೆ, ಅಟ್ಟ ತುಂಬಿದಾಗ ಬೆಲೆ ಇಳಿದಿರುತ್ತದೆ. ಒಂದೇ ಕಂಬದ ಮೇಲೆ ಮನೆ ಕಟ್ಟಿದವನಿಗೆ ಗಾಳಿಯ ಭಯ ತಪ್ಪದು. ಮಟ್ಟೆ, ಗರಿ, ಚಿಪ್ಪುಗಳ ಕೆಲಸ ಮನೆಯಲ್ಲಿದ್ದರೆ ಅದು ಶ್ರೀಮಂತಿಕೆಯನ್ನು ತರಲಾರದು. ಆದರೆ ಎರಡನೆಯ ಕಂಬವಾಗಿ ನಿಲ್ಲಬಲ್ಲದು.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಪಟ್ಟಣದ ತರುಣರು ಮೆಚ್ಚುವ ತೆಂಗಿನ ಚಿಪ್ಪಿನ ಬಟ್ಟಲು ಆಗಬೇಕಾದರೆ ಚಿಪ್ಪು ಇಡಿಯಾಗಿ ಎರಡು ಹೋಳಾಗಿ ಬರಬೇಕು. ಅದು ಅಡಿಗೆಗೆ ಒಡೆದ ಕಾಯಲ್ಲಿ ದೊರೆಯುತ್ತದೆ. ಉಂಡೆ ಕೊಬ್ಬರಿ ತೆಗೆಯುವಾಗ ಚಿಪ್ಪು ಚೂರಾಗಿಯೇ ಬೀಳುತ್ತದೆ. ಆದ್ದರಿಂದ ಕೇರಳದವರನ್ನು ನೋಡಿ ನಾವೂ ಬಟ್ಟಲನ್ನೇ ಮಾಡುತ್ತೇವೆಂದು ಹೊರಟರೆ ನಮ್ಮ ರಾಶಿ ರಾಶಿ ಚೂರು ಚಿಪ್ಪು ಮತ್ತೆ ಇದ್ದಲಿಗೇ ಹೋಗುತ್ತದೆ. ಚೂರಿಗೆ ತಕ್ಕ ಕಸುಬು ಗುಂಡಿ, ಮಣಿ, ಕಿವಿಯ ಓಲೆ, ಮರದ ಮೇಲಿನ ಕೂರಿಕೆ ಕೆಲಸ. ವರ್ಷಕಾಲ ಅಟ್ಟದ ಮೇಲೆ ಒಣಗಿದ ಚಿಪ್ಪು ಗಟ್ಟಿಯಾಗಿದ್ದು ತಿಕ್ಕಿದರೆ ಬೀಟೆಮರದಂತೆ ಹೊಳೆಯುತ್ತದೆ. ಖಾದಿಯ ಅಂಗಿಯನ್ನು ಹೆಮ್ಮೆಯಿಂದ ತೊಡುವ ನಾವು ಅದಕ್ಕೆ ಪ್ಲಾಸ್ಟಿಕ್ಕಿನ ಗುಂಡಿಯನ್ನು ಹಾಕಿಕೊಂಡಿದ್ದೇವೆ. ಆ ಗುಂಡಿ ತಿಪಟೂರಿನ ಚಿಪ್ಪಿನದಾಗಬಾರದೇಕೆ? ಸರ್ಕಾರಿ ಶಾಲೆಯ ಮಕ್ಕಳ ಸಮವಸ್ತ್ರಕ್ಕೆ ಬೇಕಾಗುವ ಗುಂಡಿಗಳಲ್ಲಿ ಹತ್ತರಲ್ಲೊಂದು ಪಾಲು ಈ ಮೂರು ತಾಲ್ಲೂಕುಗಳಿಂದ ಹೋದರೂ ಎಷ್ಟು ಮನೆಗಳಲ್ಲಿ ಕೆಲಸವಾದೀತೆಂಬುದನ್ನು ಅಧಿಕಾರಿಗಳು ಲೆಕ್ಕಹಾಕಿ ನೋಡಲಿ.

ಚಿಕ್ಕನಾಯಕನಹಳ್ಳಿ, ಹುಳಿಯಾರುಗಳ ಕಡೆ ತೆಂಗಿನೊಡನೆ ಕಂಬಳಿಯ ಕಥೆಯೂ ಇದೆ. ಕುರಿಯ ಉಣ್ಣೆ ಕತ್ತರಿಸಿ, ಹಿಂಜಿ, ಹೆಂಗಸರು ನೂಲು ತೆಗೆದು, ಹುಣಸೆ ಬೀಜದ ಗಂಜಿ ಹಾಕಿ, ಗುಂಡಿ ಮಗ್ಗದಲ್ಲಿ ಗಂಡಸರು ನೇಯುವ ಕರಿಕಂಬಳಿ ಈ ಸೀಮೆಯ ಮಳೆಗೂ ಚಳಿಗೂ ನಡೆದು ಬಂದ ಹೊದಿಕೆ. ದೇವರ ಗದ್ದುಗೆಗೂ ಪಂಚಾಯಿತಿಯ ಕಟ್ಟೆಗೂ ಅದನ್ನೇ ಹಾಸುತ್ತಿದ್ದರು. ಈಗ ಕುರಿ ಸಾಕುವವರಿಗೆ ಉಣ್ಣೆಗಿಂತ ಮಾಂಸದ ಬೆಲೆಯೇ ದೊಡ್ಡದಾಗಿ, ಉಣ್ಣೆ ಕಡಮೆಯಿರುವ ತಳಿಗಳು ಹಿಂಡಿಗೆ ಸೇರಿವೆ. ಕತ್ತರಿಸಿದ ಉಣ್ಣೆಗೆ ಗಿರಾಕಿಯಿಲ್ಲದೆ ಚೆಲ್ಲುವವರೂ ಇದ್ದಾರೆ. ಪಾಣಿಪತ್ತಿನ ಕಾರ್ಖಾನೆಯ ಹೊದಿಕೆ ನಮ್ಮ ಸಂತೆಗಳಿಗೆ ಬಂದಿದೆ. ಇತ್ತ ಪಟ್ಟಣದ ತರುಣರು ಬಣ್ಣ ಹಾಕದ ಸ್ವಾಭಾವಿಕ ಕರಿಯುಣ್ಣೆಯ ಚೀಲ, ಜಮಖಾನೆ, ಶಾಲುಗಳನ್ನು ದುಬಾರಿ ಬೆಲೆಗೆ ಹುಡುಕುತ್ತಿದ್ದಾರೆ. ಹುಡುಕುವವನಿಗೂ ಚೆಲ್ಲುವವನಿಗೂ ನಡುವೆ ನೂರೈವತ್ತು ಮೈಲಿಯೂ ಇಲ್ಲ. ಇಲ್ಲದಿರುವುದು ಅವರಿಬ್ಬರನ್ನು ಕೂಡಿಸುವ ವ್ಯವಸ್ಥೆ.

ಹಾಗಾದರೆ ಕೂಡಿಸುವುದು ಹೇಗೆ? ಮೊದಲು ಬೆಲೆಯ ಮಾತನ್ನು ನೇರವಾಗಿ ಆಡಬೇಕು. ಕೈಯಿಂದ ಮಾಡಿದ್ದು ಅಗ್ಗವಾಗಿರಬೇಕೆಂಬ ಭ್ರಮೆಯನ್ನು ಕೊಳ್ಳುವವರು ಬಿಡಬೇಕು. 2025–26ರ ಸಾಲಿಗೆ ಗ್ರಾಮೀಣ ಉದ್ಯೋಗ ಖಾತರಿ ಯೋಜನೆಯಲ್ಲಿ ಕರ್ನಾಟಕಕ್ಕೆ ಗೊತ್ತುಮಾಡಿದ ದಿನಗೂಲಿ 370 ರೂಪಾಯಿ. ಮಣ್ಣು ಹೊರುವ ಕೆಲಸಕ್ಕೆ ಸರ್ಕಾರವೇ ಕೊಡಲೊಪ್ಪಿದ ಕನಿಷ್ಠ ದರವಿದು. ಒಂದು ಚಿಪ್ಪಿನ ಬಟ್ಟಲಿಗೆ ಅರ್ಧ ದಿನ ಹಿಡಿಯಿತೆಂದಿಟ್ಟುಕೊಳ್ಳೋಣ. ಕೂಲಿಯೇ 185 ರೂಪಾಯಿಯಾಯಿತು. ಸಾಮಗ್ರಿ, ಸಾಗಣೆ, ಅಂಗಡಿಯವನ ಲಾಭಗಳು ಇದರ ಮೇಲೆ. ಅದೇ ಬಟ್ಟಲು ಪೇಟೆಯಲ್ಲಿ 150 ರೂಪಾಯಿಗೆ ಬಂದರೆ, ಒಂದೋ ಅದು ಕೈಯಿಂದ ಮಾಡಿದ್ದಲ್ಲ, ಇಲ್ಲವೆ ಮಾಡಿದವಳ ಹೊಟ್ಟೆಯ ಮೇಲೆ ಹೊಡೆದು ಮಾರಿದ್ದು. 600 ರೂಪಾಯಿಗೆ ಮಾರಿ ಮಾಡಿದವಳಿಗೆ 60 ರೂಪಾಯಿ ಕೊಟ್ಟರೂ ಅನ್ಯಾಯ ಅಷ್ಟೇ. ವಸ್ತುವಿನ ಮೇಲೆ ಬೆಲೆಯೊಡನೆ ಕೂಲಿಯನ್ನೂ ಬರೆಯುವ ಪದ್ಧತಿಯನ್ನು ಯಾವ ಸಂಘ ಮೊದಲು ಆರಂಭಿಸುವುದೋ ಆ ಸಂಘವನ್ನೇ ನಮ್ಮ ತರುಣರು ಮೊದಲು ಆಶ್ರಯಿಸಲಿ.

ಕೂಲಿಯ ಜೊತೆಗೆ ಹೆಸರೂ ಬೇಕು. ತಿಪಟೂರು ತಾಲ್ಲೂಕಿನ ಅರಳಗುಪ್ಪೆಯ ಗುಡಿಗಳನ್ನೂ, ವಿಘ್ನಸಂತೆಯ ಲಕ್ಷ್ಮೀನರಸಿಂಹ ದೇವಾಲಯವನ್ನೂ, ತುರುವೇಕೆರೆಯ ಕರಿಕಲ್ಲಿನ ಬಸವನ ಮೈಯ ಹೊಳಪನ್ನೂ ಕಂಡವರು ಈ ಸೀಮೆಯ ಕೈಗೆ ಎಂಥ ಪರಂಪರೆಯಿದೆಯೆಂಬುದನ್ನು ಬಲ್ಲರು. ಹೊಯ್ಸಳರ ಕಾಲದ ಶಿಲ್ಪಿಗಳ ಒಂದು ವಿಶೇಷವೆಂದರೆ ತಾವು ಕಡೆದ ವಿಗ್ರಹದ ಕೆಳಗೆ ತಮ್ಮ ಹೆಸರನ್ನು ಕೆತ್ತಿದ್ದು. ಅರಳಗುಪ್ಪೆಯ ಚೆನ್ನಕೇಶವಾಲಯಕ್ಕೆ ಹೊನೋಜನ ಹೆಸರು ಅಂಟಿಕೊಂಡಿದೆ. ನುಗ್ಗೇಹಳ್ಳಿ, ಸೋಮನಾಥಪುರಗಳಲ್ಲಿ ಮಲ್ಲಿತಮ್ಮನ ಹೆಸರು ಉಳಿದಿದೆ. ಏಳೆಂಟು ನೂರು ವರ್ಷಗಳ ಹಿಂದೆ ರಾಜರೂ ದಂಡನಾಯಕರೂ ಕಟ್ಟಿಸಿದ ಗುಡಿಯಲ್ಲಿ ಕಲ್ಕುಟಿಗನಿಗೆ ತನ್ನ ಹೆಸರು ಬರೆಯುವ ಸ್ವಾತಂತ್ರ್ಯವಿತ್ತು. ಇಂದಿನ ಮಳಿಗೆಗಳಲ್ಲಿ ಮಾರುವವನ ಹೆಸರು ಹೊಳೆಯುತ್ತದೆ, ಮಾಡಿದವಳ ಹೆಸರಿಲ್ಲ. ಪ್ರಜಾರಾಜ್ಯದಲ್ಲಿ ಈ ವಿಪರ್ಯಾಸ ಸಲ್ಲದು.

ಹೇಳದೆ ಬಿಡಬಾರದ ಮಾತು ಇನ್ನೊಂದಿದೆ. ನಮ್ಮ ಕಸುಬುಗಳೆಲ್ಲ ಜಾತಿಗಳೊಡನೆ ಹೆಣೆದುಕೊಂಡು ಬಂದವು. ಬುಟ್ಟಿ ಮೇದರಿಗೆ, ಕಂಬಳಿ ಕುರುಬರಿಗೆ, ಮಡಕೆ ಕುಂಬಾರರಿಗೆ, ಚರ್ಮದ ಕೆಲಸ ಊರ ಹೊರಗಿನವರಿಗೆ ಎಂಬ ಕಟ್ಟಿನಲ್ಲಿ ಕೌಶಲ ಉಳಿಯಿತು. ಅದರ ಜೊತೆಗೆ ಅವಮಾನವೂ ಉಳಿಯಿತು. ಆ ಮನೆಗಳ ಮಕ್ಕಳು ಓದಿ, ಗುಮಾಸ್ತರೋ ಉಪಾಧ್ಯಾಯರೋ ಆಗಿ ಕಸುಬಿನಿಂದ ಬಿಡಿಸಿಕೊಳ್ಳಲು ಬಯಸಿದ್ದು ತಪ್ಪಲ್ಲ. ಅದು ಅವರ ಹಕ್ಕು. ಇಂದು ಅನುಕೂಲಸ್ಥರ ಮಕ್ಕಳು ಭಾನುವಾರದ ವಿನೋದಕ್ಕೆ ಬುಟ್ಟಿ ಹೆಣೆದರೆ ಅದು ಕಲೆ, ಮೇದರ ಮಗ ಹೊಟ್ಟೆಗಾಗಿ ಹೆಣೆದರೆ ಅದು ಹೀನವೃತ್ತಿ ಎಂಬ ಭಾವನೆ ಎಲ್ಲಿಯಾದರೂ ಉಳಿದಿದ್ದರೆ ಈ ಪುನರುಜ್ಜೀವನಕ್ಕೆ ಅರ್ಥವಿಲ್ಲ. ಮೇದಾರ ಕೇತಯ್ಯನನ್ನೂ ಜೇಡರ ದಾಸಿಮಯ್ಯನನ್ನೂ ಶರಣರೆಂದು ಕೈಮುಗಿಯುವ ನಾಡಿನಲ್ಲಿ ಇದನ್ನು ವಿಸ್ತರಿಸಿ ಹೇಳಬೇಕಾಗಿಲ್ಲ. ಯಾವ ಮಗುವೂ ಹುಟ್ಟಿನಿಂದ ಕಸುಬಿಗೆ ಬೀಳಬಾರದು. ಯಾವ ಮಗುವಿಗೂ ಹುಟ್ಟಿನಿಂದ ಕಸುಬು ಮುಚ್ಚಿರಲೂ ಬಾರದು. ಒಲಿದವರು ಕಲಿಯಲಿ, ಕಲಿಸುವವರಿಗೆ ಗುರುವಿನ ಸ್ಥಾನ ದೊರೆಯಲಿ.

ಯಂತ್ರಯುಗದಲ್ಲಿ ಇದೆಲ್ಲ ಹಿಂದಕ್ಕೆ ಹೋಗುವ ಮಾತೆಂದು ಆಕ್ಷೇಪಿಸುವವರಿದ್ದಾರೆ. ಸರ್ ಎಂ. ವಿಶ್ವೇಶ್ವರಯ್ಯನವರು ಕೈಗಾರಿಕೆಯಿಲ್ಲದ ದೇಶಕ್ಕೆ ಉಳಿವಿಲ್ಲವೆಂದು ಸಾರಿದ ರಾಜ್ಯವಿದು; ಆ ಮಾತಿನ ಸತ್ಯವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ದೊಡ್ಡ ಕಾರ್ಖಾನೆಗಳನ್ನು ಕಟ್ಟಿದ ಆ ಮೈಸೂರೇ ಚಾಮರಾಜೇಂದ್ರ ತಾಂತ್ರಿಕ ಸಂಸ್ಥೆಯಲ್ಲಿ ಕುಶಲಕೆಲಸಗಳನ್ನು ಕಲಿಸುತ್ತಿತ್ತೆಂಬುದನ್ನೂ ನೆನೆಯಬೇಕು. ಜಪಾನು ಜಗತ್ತಿಗೆ ಯಂತ್ರಗಳನ್ನು ಮಾರಿದ ದೇಶ. ಅಲ್ಲಿಯೇ ಯಾನಗಿ ಸೋಯೆತ್ಸು ಎಂಬವರು ಹಳ್ಳಿಗರ ದಿನಬಳಕೆಯ ಪಾತ್ರೆಪದಾರ್ಥಗಳ ಸೌಂದರ್ಯವನ್ನು ಎತ್ತಿಹಿಡಿದು 1936ರಲ್ಲಿ ಟೋಕಿಯೋದಲ್ಲಿ ವಸ್ತುಸಂಗ್ರಹಾಲಯವನ್ನೇ ತೆರೆದರು. ಯಂತ್ರಕ್ಕೂ ಕೈಗೂ ವೈರವಿಲ್ಲ. ಮಟ್ಟೆಯನ್ನು ಬಡಿದು ನಾರು ಬಿಡಿಸುವ ಬೆನ್ನುಮುರಿಯುವ ಕೆಲಸವನ್ನು ಯಂತ್ರ ಮಾಡಲಿ; ಹುರಿ ಹೊಸೆಯುವ ರಾಟೆಗೆ ವಿದ್ಯುತ್ತು ಬರಲಿ. ಚಿಪ್ಪು ಕೊಯ್ಯುವಾಗ ಏಳುವ ದೂಳು ಪುಪ್ಪುಸಕ್ಕೆ ಹೋಗದಂತೆ ಹೀರುವ ಯಂತ್ರವಿರಲಿ. ರೂಪ ಕೊಡುವ ಕೆಲಸ ಮಾತ್ರ ಕೈಗೆ ಉಳಿಯಲಿ, ಏಕೆಂದರೆ ಗಿರಾಕಿ ಹಣ ಕೊಡುವುದು ಅದಕ್ಕೇ.

ತರುಣರಿಗೂ ಒಂದು ಹಿತವಚನ. ತುಮಕೂರಿನ ಬಳಿಯ ಕೈದಾಳದ ಕಥೆಯನ್ನು ಈ ಜಿಲ್ಲೆಯಲ್ಲಿ ಅರಿಯದವರಿಲ್ಲ. ಮಹಾಶಿಲ್ಪಿ ಜಕಣಾಚಾರಿ ಕಡೆದ ಮೂರ್ತಿಯ ಕಲ್ಲಿನಲ್ಲಿ ದೋಷವಿದೆಯೆಂದು ಅಪರಿಚಿತ ಹುಡುಗನೊಬ್ಬ ಹೇಳಿದನು. ಆ ಹುಡುಗ ಆತನ ಮಗ ಡಂಕಣನೇ ಆಗಿದ್ದನು. ಐತಿಹ್ಯವು ಎಷ್ಟು ನಿಜವೋ ತಿಳಿಯದು, ಆದರೆ ಅದರ ತಿರುಳು ನಿಜ. ಹುಡುಗನು ದೋಷ ಹೇಳುವುದಕ್ಕೆ ಮೊದಲು ಉಳಿ ಹಿಡಿಯಲು ಕಲಿತಿದ್ದನು. ಇಂದಿನ ತರುಣರಿಗೆ ಹೊಸ ವಿನ್ಯಾಸ ಬೇಕೆನಿಸುವುದು ಸಹಜ, ಅದು ಬೇಕೂ ಹೌದು. ಹಳೆಯದನ್ನೇ ತಿರುತಿರುಗಿ ಮಾಡಿದರೆ ಕಸುಬು ಸಾಯುತ್ತದೆ. ಆದರೆ ಒಂದು ವಾರದ ಶಿಬಿರದಲ್ಲಿ ನಾರು ಮುಟ್ಟಿ ನೋಡಿ, ಚಿತ್ರ ತೆಗೆದು, ಅಂಗಡಿ ತೆರೆಯುವ ಆತುರ ಬೇಡ. ಒಂದೆರಡು ವರ್ಷ ಹಿರಿಯರ ಪಕ್ಕದಲ್ಲಿ ಕುಳಿತು ಕೈ ಪಳಗಿಸಿಕೊಳ್ಳಲಿ. ಅವರ ಕೌಶಲಕ್ಕೆ ತಮ್ಮ ಲೆಕ್ಕಪತ್ರದ ಜ್ಞಾನವನ್ನೂ ದೂರದ ಪೇಟೆಯನ್ನು ತಲುಪುವ ವಿದ್ಯೆಯನ್ನೂ ಕೂಡಿಸಲಿ. ಇದಕ್ಕಿಂತ ಉತ್ತಮವಾದ ಪಾಲುಗಾರಿಕೆ ಬೇರೆ ಯಾವುದಿದೆ?

ಅಧಿಕಾರಿವರ್ಗದವರ ಗಮನಕ್ಕೆ ಕೆಲವು ಸೂಚನೆಗಳನ್ನು ತರಬಯಸುತ್ತೇವೆ. ಮೊದಲನೆಯದಾಗಿ, 2023ರ ಸೆಪ್ಟೆಂಬರ್ 17ರಂದು ಆರಂಭವಾದ ಪ್ರಧಾನಮಂತ್ರಿ ವಿಶ್ವಕರ್ಮ ಯೋಜನೆಯ ಹದಿನೆಂಟು ಕಸುಬುಗಳಲ್ಲಿ ಬುಟ್ಟಿ, ಚಾಪೆ, ಪೊರಕೆ ಮಾಡುವವರೂ ತೆಂಗಿನ ನಾರು ನೇಯುವವರೂ ಸೇರಿದ್ದಾರೆ. ತರಬೇತಿಯ ಕಾಲದಲ್ಲಿ ದಿನಕ್ಕೆ 500 ರೂಪಾಯಿ ಭತ್ಯವೂ ಉಪಕರಣಕ್ಕೆ 15,000 ರೂಪಾಯಿಯೂ ದೊರೆಯುತ್ತವೆ. ಈ ಮೂರು ತಾಲ್ಲೂಕುಗಳಲ್ಲಿ ಇದು ಯಾರನ್ನು ಮುಟ್ಟಿದೆ, ಕಲಿತವರಲ್ಲಿ ಎಷ್ಟು ಮಂದಿ ಆ ಕಸುಬಿನಿಂದ ಉಣ್ಣುತ್ತಿದ್ದಾರೆ ಎಂಬ ಪಟ್ಟಿಯನ್ನು ಪ್ರಕಟಿಸಲಿ. ಎರಡನೆಯದಾಗಿ, ತಾಲ್ಲೂಕು ಕಚೇರಿ, ನಗರಸಭೆ, ಶಾಲೆ, ಆಸ್ಪತ್ರೆಗಳಿಗೆ ಬೇಕಾಗುವ ಚಾಪೆ, ಹಗ್ಗ, ಪೊರಕೆ, ಬುಟ್ಟಿಗಳನ್ನು ಸ್ಥಳೀಯ ಸಂಘಗಳಿಂದಲೇ ಕೊಂಡು ಒಂದು ತಿಂಗಳೊಳಗೆ ಹಣ ಸಲ್ಲಿಸುವ ನಿಯಮವಾಗಲಿ. ಬಡವನ ಸರಕನ್ನು ಕೊಂಡು ಹಣ ತಡೆಹಿಡಿಯುವುದು ಕೊಳ್ಳದಿರುವುದಕ್ಕಿಂತ ಕ್ರೂರ. ಮೂರನೆಯದಾಗಿ, ತೆಂಗಿನ ನಾರಿನ ಹಾಸನ್ನು ಗ್ರಾಮೀಣ ರಸ್ತೆಗಳಿಗೆ ಬಳಸಲು ಕೇಂದ್ರದವರು 2020ರಲ್ಲಿಯೇ ಒಪ್ಪಿದ್ದಾರೆ. ನಮ್ಮ ಇಂಜಿನಿಯರುಗಳು ಕುಸಿಯುವ ಕೆರೆ ಏರಿಗಳಿಗೆ ಅದನ್ನು ಹಾಸಿ ನೋಡಲಿ.

ನಾಲ್ಕನೆಯದಾಗಿ, ತಿಪಟೂರಿನ ಮಾರುಕಟ್ಟೆಯ ಪ್ರಾಂಗಣದಲ್ಲಿ ಚಿಪ್ಪು ಮತ್ತು ನಾರಿನ ಕೆಲಸಕ್ಕೆ ಸಾಮಾನ್ಯ ಕರ್ಮಶಾಲೆಯೊಂದು ಏಳಲಿ. ಚಿಕ್ಕನಾಯಕನಹಳ್ಳಿಯಲ್ಲಿ ಉಣ್ಣೆ ತೊಳೆದು ಹಿಂಜುವ ಯಂತ್ರವೊಂದನ್ನು ಸ್ಥಾಪಿಸಲಿ. ಒಂಟಿ ಕಸುಬುದಾರನು ಕೊಳ್ಳಲಾರದ ಯಂತ್ರವನ್ನು ಹತ್ತು ಮಂದಿ ಸೇರಿ ಬಳಸಬಹುದು. ಐದನೆಯದಾಗಿ, ಪ್ರೌಢಶಾಲೆಗಳಲ್ಲಿ ವಾರಕ್ಕೊಂದು ದಿನ ಊರಿನ ಕಸುಬುದಾರನನ್ನು ಕರೆದು, ಉಪಾಧ್ಯಾಯರಿಗೆ ಕೊಡುವ ಮರ್ಯಾದೆಯನ್ನೂ ತಕ್ಕ ಸಂಭಾವನೆಯನ್ನೂ ಕೊಟ್ಟು ಕಲಿಸಬೇಕು. 1937ರಲ್ಲಿ ವಾರ್ಧಾದಲ್ಲಿ ಗಾಂಧೀಜಿಯವರು ಮುಂದಿಟ್ಟ ಶಿಕ್ಷಣದ ಯೋಜನೆಯ ಸಾರವೂ ಇದೇ ಆಗಿತ್ತು. ಪ್ರತಿವರ್ಷ ಶಿವರಾತ್ರಿಯ ಕಾಲಕ್ಕೆ ಸಿದ್ಧಗಂಗೆಯ ಜಾತ್ರೆಯಲ್ಲಿ ನಡೆಯುವ ವಸ್ತುಪ್ರದರ್ಶನದಲ್ಲಿ ಈ ಮಕ್ಕಳ ಕೈಕೆಲಸಕ್ಕೆಂದೇ ಒಂದು ಸಾಲು ಮೀಸಲಾದರೆ ಲಕ್ಷಾಂತರ ಯಾತ್ರಿಕರ ಕಣ್ಣಿಗೆ ಅದು ಬೀಳುತ್ತದೆ.

ಸರ್ಕಾರವೇ ಎಲ್ಲವನ್ನೂ ಮಾಡಲೆಂದು ಕಾಯುವುದೂ ಸರಿಯಲ್ಲ. ಕೊಬ್ಬರಿಯ ವ್ಯಾಪಾರದಿಂದ ಮಹಡಿಮನೆ ಕಟ್ಟಿಸಿದ ವರ್ತಕ ಮಹಾಶಯರು ನಮ್ಮಲ್ಲಿದ್ದಾರೆ. ಅವರ ಮದುವೆಮನೆಗಳಲ್ಲಿ ಬಂದವರಿಗೆ ಕೊಡುವ ಪ್ಲಾಸ್ಟಿಕ್ಕಿನ ಚೀಲದ ಬದಲು ನಮ್ಮ ಹೆಂಗಸರು ಹೆಣೆದ ಗರಿಯ ಬುಟ್ಟಿ ಇರಲಿ. ಚಪ್ಪರಕ್ಕೆ ಬಣ್ಣದ ಬಟ್ಟೆಯ ಬದಲು ಸೋಗೆ ಬರಲಿ. ಒಂದು ಮುಹೂರ್ತದ ತಿಂಗಳಿನಲ್ಲಿ ಹೀಗೆ ನಡೆದರೆ ಎಷ್ಟೋ ಮನೆಗಳ ಒಲೆ ಹೊತ್ತೀತು. ವಕೀಲರು, ಉಪಾಧ್ಯಾಯರು, ಅಧಿಕಾರಿಗಳು ತಮ್ಮ ಮನೆಯ ಬಾಗಿಲಿನ ಚಾಪೆಯನ್ನು ಒಮ್ಮೆ ತಿರುವಿ ನೋಡಿ ಅದು ಯಾವ ಊರಿನದೆಂದು ಓದಲಿ. ಸ್ವದೇಶಿಯೆಂಬುದು ಹೊಸ್ತಿಲಿನಿಂದ ಆರಂಭವಾಗಬೇಕಾದ ವ್ರತ.

ತೆಂಗಿನ ಸಸಿ ನೆಟ್ಟವನು ಆರೇಳು ವರ್ಷ ನೀರೆರೆದ ಮೇಲೆ ಕಾಯಿ ಕಾಣುತ್ತಾನೆ. ನಡುವೆ ಬೇಸತ್ತು ಬಿಟ್ಟವನಿಗೆ ದೊರೆಯುವುದು ಒಣಗಿದ ಗರಿ ಮಾತ್ರ. ನಮ್ಮ ತರುಣರ ಮನಸ್ಸಿನಲ್ಲಿ ಕೈಕಸುಬಿನ ಮೇಲಣ ಪ್ರೀತಿಯೆಂಬ ಸಸಿ ಈಗ ಬೇರೂರಿದೆ. ಅದಕ್ಕೆ ಎರೆಯಬೇಕಾದ ನೀರು ಹೊಗಳಿಕೆಯಲ್ಲ. ಮಾಡಿದ ಕೈಗೆ ತಕ್ಕ ಕೂಲಿ, ಮಾಡಿದವರಿಗೆ ಸಲ್ಲಬೇಕಾದ ಹೆಸರು, ಯಾರಾದರೂ ಕಲಿಯಬಹುದೆಂಬ ತೆರೆದ ಬಾಗಿಲು. ಈ ಮೂರನ್ನೂ ಕೊಡುವ ಶಕ್ತಿ ಕಲ್ಪತರುವಿನ ಹೆಸರು ಹೊತ್ತ ಈ ನಾಡಿಗಿದೆ. ಮುಂದಿನ ಸುಗ್ಗಿಯ ಕಾಯಿ ಅಟ್ಟದಿಂದ ಇಳಿಯುವ ಹೊತ್ತಿಗೆ ಮಟ್ಟೆಯೂ ಚಿಪ್ಪೂ ಈ ಊರುಗಳಲ್ಲಿಯೇ ಕೆಲಸವಾಗುವಂತೆ ಏರ್ಪಾಡು ಮಾಡುವ ಹೊಣೆ ಅಧಿಕಾರಿಗಳದೂ ವರ್ತಕರದೂ ತರುಣರದೂ ಸಮವಾಗಿ ಆಗಿದೆಯೆಂದು ತಿಳಿಸಿ ವಿರಮಿಸುತ್ತೇವೆ.